ಮೈಕ್ ಯಾರ ಕೈಯಲ್ಲಿ? ಓದುಗರ ಪ್ರಶ್ನೆ, ನಮ್ಮ ಉತ್ತರ

ಅಮೆರಿಕದ ಅಧ್ಯಕ್ಷ ಸ್ಥಾನದ ಅಭ್ಯರ್ಥಿಗಳು ಟಿವಿಯಲ್ಲಿ ಮುಖಾಮುಖಿಯಾಗುವ ಚರ್ಚೆಗಳ ಬಗ್ಗೆ ಕಾರವಾರದಿಂದ ಸಿದ್ದಾಪುರದವರೆಗೆ ಹಲವು ಓದುಗರು ಬರೆದಿದ್ದಾರೆ. ಯಾರು ಗೆದ್ದರು ಎಂದು ಕೇಳಿದವರು ಕಡಿಮೆ. ಮೈಕ್, ಗಡಿಯಾರ, ನಿಯಮಗಳ ಬಗ್ಗೆ ಕೇಳಿದವರೇ ಹೆಚ್ಚು. ಈ ಚರ್ಚೆಗಳ ಅರ್ಧ ರಾಜಕೀಯ ಇರುವುದೂ ಅಲ್ಲೇ.

ತಾಳಮದ್ದಳೆಯಲ್ಲಿ ಅರ್ಥಧಾರಿ ಮಾತು ಉದ್ದ ಮಾಡಿದರೆ ಭಾಗವತರು ಮುಂದಿನ ಪದ ಎತ್ತಿ ನಿಲ್ಲಿಸುತ್ತಾರೆ. ಅಮೆರಿಕದ ಚರ್ಚೆಯಲ್ಲಿ ಅಭ್ಯರ್ಥಿಯ ಮೈಕ್ ಬಂದ್ ಮಾಡುವವರು ಯಾರು? ಸ್ವಿಚ್ ನಿರೂಪಕರ ಕೈಯಲ್ಲೇ ಇರುತ್ತದೆಯೇ?
— ಶಿರಸಿಯ ಓದುಗರು

ನಿರೂಪಕರ ಕೈಯಲ್ಲಿ ಇರುವುದಿಲ್ಲ. ಪ್ರಶ್ನೆ ಕೇಳುವವರೇ ಬಾಯಿಯನ್ನೂ ಮುಚ್ಚಿಸಿದರೆ ಪಕ್ಷಪಾತದ ದೂರು ತಪ್ಪದು. ಹಾಗಾಗಿ ಆ ಕೆಲಸ ನಿರ್ಮಾಣ ತಂಡದ ತಂತ್ರಜ್ಞರದು. ಅವರು ಗಡಿಯಾರ ನೋಡಿ ಗುಂಡಿ ಒತ್ತುತ್ತಾರೆ.

ಈ ಪದ್ಧತಿ ತೀರಾ ಹಳೆಯದಲ್ಲ. 2020ರ ಸೆಪ್ಟೆಂಬರ್ 29ರಂದು ಕ್ಲೀವ್‌ಲ್ಯಾಂಡಿನಲ್ಲಿ ಟ್ರಂಪ್ ಮತ್ತು ಬೈಡನ್ ಎದುರಾದಾಗ ಒಬ್ಬರ ಮಾತಿನ ಮೇಲೆ ಇನ್ನೊಬ್ಬರ ಮಾತು ಬಿದ್ದು, ನಿರೂಪಕ ಕ್ರಿಸ್ ವಾಲೇಸ್ ಎಷ್ಟು ಬೇಡಿಕೊಂಡರೂ ನಿಲ್ಲಲಿಲ್ಲ. ಅಕ್ಟೋಬರ್ 22ರ ನ್ಯಾಶ್‌ವಿಲ್ ಚರ್ಚೆಗೆ ಹೊಸ ನಿಯಮ ಬಂತು. ತಲಾ 15 ನಿಮಿಷದ ಆರು ವಿಷಯಗಳು. ಪ್ರತಿ ವಿಷಯದ ಆರಂಭದಲ್ಲಿ ಒಬ್ಬೊಬ್ಬರಿಗೂ 2 ನಿಮಿಷ. ಆ 2 ನಿಮಿಷ ಮಾತ್ರ ಎದುರಾಳಿಯ ಮೈಕ್ ಬಂದ್. ಉಳಿದ ಹೊತ್ತು ಇಬ್ಬರ ಮೈಕೂ ತೆರೆದೇ ಇದ್ದವು. 2024ರ ಜೂನ್ 27ರಂದು ಅಟ್ಲಾಂಟಾದಲ್ಲಿ ಸಿಎನ್‌ಎನ್ ನಡೆಸಿದ ಚರ್ಚೆ ಇನ್ನೂ ಬಿಗಿ. ಸರದಿ ಇಲ್ಲದವರ ಮೈಕ್ ಇಡೀ 90 ನಿಮಿಷವೂ ಬಂದ್, ಸಭಿಕರೂ ಇಲ್ಲ. ಸಮಯ ಮುಗಿಯಲು 5 ಸೆಕೆಂಡ್ ಇರುವಾಗ ಕೆಂಪು ದೀಪ ಮಿನುಗುವುದು, ಮುಗಿದಾಗ ಮಿನುಗದೆ ನಿಲ್ಲುವುದು.

ಬಂದ್ ಮಾಡಿದ ಮೈಕಿನವರ ದನಿ ಪೂರ್ತಿ ಸತ್ತುಹೋಗುವುದಿಲ್ಲ ಎಂಬುದನ್ನು ಗಮನಿಸಿ. ಅಟ್ಲಾಂಟಾದಲ್ಲಿ ಎರಡು ಪೋಡಿಯಂಗಳ ನಡುವೆ 8 ಅಡಿ ಅಂತರವಿತ್ತು. ಬಾಯಿಗೆ ಒಂದು ಅಡಿ ದೂರದಲ್ಲಿ ಸ್ವಂತ ಮೈಕ್ ಇದ್ದರೆ, 8 ಅಡಿ ಆಚೆಯ ಮೈಕಿಗೆ ಅದೇ ದನಿ ಸುಮಾರು 18 ಡೆಸಿಬೆಲ್ ಕಡಿಮೆಯಾಗಿ ತಲುಪುತ್ತದೆ. ಮುಂದಿನ ಸದ್ದನ್ನಷ್ಟೇ ಹೆಚ್ಚಾಗಿ ಹಿಡಿಯುವ ಮೈಕ್ ಆದರೆ ಇನ್ನಷ್ಟು ಕಡಿಮೆ. ಮನೆಯಲ್ಲಿ ಕೂತವರಿಗೆ ದೂರದ ಗೊಣಗಾಟದಂತೆ ಕೇಳುತ್ತದೆ. ಪಕ್ಕದಲ್ಲಿ ನಿಂತು ಉತ್ತರ ಕೊಡುವವರಿಗೆ ಚೆನ್ನಾಗಿಯೇ ಕೇಳುತ್ತದೆ, ಗಮನವೂ ಕೆಡುತ್ತದೆ. ಹೀಗಾಗಿ ಮೈಕ್ ಬಂದ್ ಎಂದರೆ ಎದುರಾಳಿಗೆ ರಕ್ಷಣೆ ಎಂದುಕೊಳ್ಳಬೇಡಿ. ಅದು ವೀಕ್ಷಕರ ಕಿವಿಗೆ ಮಾತ್ರ ರಕ್ಷಣೆ.

ಮೈಕ್ ಬಂದ್ ಆದರೂ ಮುಖ ಬಂದ್ ಆಗುವುದಿಲ್ಲ. 2000ದಲ್ಲಿ ಬುಷ್ ಮಾತಾಡುತ್ತಿದ್ದಾಗ ಅಲ್ ಗೋರ್ ಬಿಟ್ಟ ನಿಟ್ಟುಸಿರುಗಳು ತೆರೆದ ಮೈಕಿನಲ್ಲಿ ಕೇಳಿ ಅವರಿಗೇ ಮುಳುವಾದವು. ಈಗಿನ ನಿಯಮದಲ್ಲಾದರೆ ಅವು ಕೇಳುತ್ತಿರಲಿಲ್ಲ. ಆದರೆ 2024ರ ಜೂನಿನಲ್ಲಿ ಪರದೆಯನ್ನು ಎರಡು ಭಾಗ ಮಾಡಿ ತೋರಿಸಿದ್ದರಿಂದ, ಟ್ರಂಪ್ ಮಾತಾಡುವಾಗ ಬಾಯಿ ತೆರೆದು ನಿಂತ ಬೈಡನ್ ಮುಖವೇ ಜನರ ಮನಸ್ಸಿನಲ್ಲಿ ಉಳಿಯಿತು. ಮೈಕಿನ ನಿಯಮಕ್ಕೆ ಪಟ್ಟು ಹಿಡಿದು ಕ್ಯಾಮೆರಾದ ನಿಯಮ ಮರೆತರೆ ಹೀಗಾಗುತ್ತದೆ.

ನೇರಪ್ರಸಾರ ನಮ್ಮ ಗಡಿಯಾರದಲ್ಲಿ ಎಷ್ಟು ಹೊತ್ತಿಗೆ? ಪ್ರತಿ ಸಲ ಬೇರೆ ಬೇರೆ ಸಮಯ ಹೇಳುತ್ತಾರೆ.
— ಕಾರವಾರದ ಕಾಲೇಜು ವಿದ್ಯಾರ್ಥಿನಿ

ಚರ್ಚೆಗಳು ಸಾಮಾನ್ಯವಾಗಿ ಅಮೆರಿಕದ ಪೂರ್ವ ಕರಾವಳಿಯ ಸಮಯ ರಾತ್ರಿ 9ಕ್ಕೆ ಶುರು. ಬೇಸಿಗೆ ಸಮಯ ಜಾರಿಯಲ್ಲಿರುವಾಗ ನಾವು 9 ಗಂಟೆ 30 ನಿಮಿಷ ಮುಂದೆ. ಅಂದರೆ ನಮಗೆ ಮರುದಿನ ಬೆಳಿಗ್ಗೆ 6.30. ನವೆಂಬರಿನ ಮೊದಲ ಭಾನುವಾರ ಅವರು ಗಡಿಯಾರ ಒಂದು ಗಂಟೆ ಹಿಂದೆ ಸರಿಸುತ್ತಾರೆ. ಆಮೇಲೆ ವ್ಯತ್ಯಾಸ 10 ಗಂಟೆ 30 ನಿಮಿಷ. ಅಧ್ಯಕ್ಷೀಯ ಚರ್ಚೆಗಳು ಅಕ್ಟೋಬರಿನೊಳಗೇ ಮುಗಿಯುವುದರಿಂದ 6.30 ಎಂದೇ ಇಟ್ಟುಕೊಳ್ಳಿ. ತಾರೀಖು ಮಾತ್ರ ಒಂದು ದಿನ ಮುಂದೆ ಬರೆದುಕೊಳ್ಳಿ, ಹೆಚ್ಚಿನವರು ತಪ್ಪುವುದು ಅಲ್ಲೇ.

1960ರಲ್ಲಿ ರೇಡಿಯೊ ಕೇಳಿದವರಿಗೆ ನಿಕ್ಸನ್ ಗೆದ್ದಂತೆ, ಟಿವಿ ನೋಡಿದವರಿಗೆ ಕೆನಡಿ ಗೆದ್ದಂತೆ ಅನಿಸಿತಂತೆ. ಪಠ್ಯಪುಸ್ತಕದಲ್ಲೂ ಓದಿದ ನೆನಪು. ನಿಜವೇ?
— ಅಂಕೋಲೆಯ ನಿವೃತ್ತ ಶಿಕ್ಷಕರು

ಚಿತ್ರದ ಪ್ರಭಾವ ನಿಜ. ಆದರೆ ಈ ಕಥೆಯನ್ನು ಎಷ್ಟು ಗಟ್ಟಿಯಾಗಿ ಹೇಳುತ್ತಾರೋ ಅಷ್ಟು ಗಟ್ಟಿ ಪುರಾವೆ ಇಲ್ಲ.

ಚರ್ಚೆ ನಡೆದದ್ದು 1960ರ ಸೆಪ್ಟೆಂಬರ್ 26ರಂದು, ಶಿಕಾಗೋದ ಸಿಬಿಎಸ್ ಸ್ಟುಡಿಯೊದಲ್ಲಿ. ನೋಡಿದವರು ಸುಮಾರು 7 ಕೋಟಿ ಎಂಬ ಅಂದಾಜಿದೆ. ಆಗಸ್ಟಿನಲ್ಲಿ ಮೊಣಕಾಲಿಗೆ ಸೋಂಕು ತಗುಲಿ ಆಸ್ಪತ್ರೆ ಸೇರಿದ್ದ ನಿಕ್ಸನ್ ತೂಕ ಕಳೆದುಕೊಂಡಿದ್ದರು. ಸರಿಯಾದ ಮೇಕಪ್ ಬೇಡವೆಂದು ಗಡ್ಡದ ಕಪ್ಪು ಮರೆಸುವ ಪುಡಿಯಷ್ಟೇ ಹಚ್ಚಿಕೊಂಡರು. ಸ್ಟುಡಿಯೊದ ಬಿಸಿಗೆ ಬೆವರು ಹೊಳೆಯಿತು. ತಿಳಿಬೂದು ಸೂಟು ಹಿಂದಿನ ಬೂದು ಗೋಡೆಯಲ್ಲಿ ಕರಗಿಹೋಯಿತು. ಕೆನಡಿಯದು ಗಾಢ ಬಣ್ಣದ ಸೂಟು, ಕಪ್ಪುಬಿಳುಪು ಪರದೆಯಲ್ಲಿ ಕೊರೆದಿಟ್ಟಂತೆ ಕಂಡಿತು. ಇಷ್ಟರಲ್ಲಿ ತಕರಾರಿಲ್ಲ.

ರೇಡಿಯೊದ ಮಾತು ಮುಖ್ಯವಾಗಿ ನಿಂತಿರುವುದು ಸಿಂಡ್ಲಿಂಗರ್ ಎಂಬ ಸಂಸ್ಥೆಯ ಒಂದೇ ಸಮೀಕ್ಷೆಯ ಮೇಲೆ. ಅದರಲ್ಲಿ ರೇಡಿಯೊ ಕೇಳಿದವರ ಸಂಖ್ಯೆ 300ಕ್ಕೂ ಕಡಿಮೆ. ಆಗ ಟಿವಿ ಇಲ್ಲದೆ ರೇಡಿಯೊವನ್ನೇ ನೆಚ್ಚಿದವರಲ್ಲಿ ಹಳ್ಳಿಗಾಡಿನವರು, ಮೊದಲೇ ನಿಕ್ಸನ್ ಕಡೆ ವಾಲಿದ್ದವರು ಹೆಚ್ಚಿದ್ದಿರಬಹುದು. ಹಾಗಿದ್ದರೆ ಆ ವ್ಯತ್ಯಾಸ ಮಾಧ್ಯಮದ್ದೋ ಕೇಳುಗರದ್ದೋ ಎಂದು ಬೇರ್ಪಡಿಸುವಂತಿಲ್ಲ.

ಬೇರ್ಪಡಿಸಲು ಪ್ರಯತ್ನಿಸಿದವರು ಜೇಮ್ಸ್ ಡ್ರಕ್‌ಮನ್ ಎಂಬ ರಾಜ್ಯಶಾಸ್ತ್ರಜ್ಞರು. 2003ರಲ್ಲಿ ಪ್ರಕಟವಾದ ಅವರ ಪ್ರಯೋಗದಲ್ಲಿ ಅದೇ ಚರ್ಚೆಯನ್ನು ಕೆಲವರಿಗೆ ಚಿತ್ರದೊಂದಿಗೆ, ಕೆಲವರಿಗೆ ದನಿ ಮಾತ್ರ ಕೊಟ್ಟರು. ಚಿತ್ರ ನೋಡಿದವರಲ್ಲಿ ಕೆನಡಿ ಗೆದ್ದರು ಎಂದವರ ಪ್ರಮಾಣ ಹೆಚ್ಚಿತ್ತು. ನಿಮ್ಮ ಪಾಠಕ್ಕೆ ಈ ಪ್ರಯೋಗವನ್ನೇ ಆಧಾರ ಮಾಡಿಕೊಳ್ಳಿ, ಹಳೆಯ ಸಮೀಕ್ಷೆಯನ್ನು ಬಿಡಿ.

ನಮ್ಮ ಕಾಲೇಜಿನ ವಾರ್ಷಿಕೋತ್ಸವದಲ್ಲಿ ಇದೇ ಮಾದರಿಯಲ್ಲಿ ಚರ್ಚೆ ಇಡಬೇಕೆಂದಿದ್ದೇವೆ. ಎಷ್ಟು ಪ್ರಶ್ನೆ ಇಡಬಹುದು, ಯಾರ‍್ಯಾರು ಬೇಕು, ಮೈಕ್‌ಸೆಟ್ಟಿನವರಿಗೆ ಏನು ಹೇಳಬೇಕು?
— ಕುಮಟೆಯ ಉಪನ್ಯಾಸಕರು

ಮೊದಲು ಸಮಯದ ಲೆಕ್ಕ ಹಾಕಿ, ಆಮೇಲೆ ಪ್ರಶ್ನೆ ಬರೆಯಿರಿ. ಹೆಚ್ಚಿನವರು ಇಪ್ಪತ್ತು ಪ್ರಶ್ನೆ ಬರೆದುಕೊಂಡು ಬಂದು ಏಳನೆಯದಕ್ಕೆ ಗಂಟೆ ಹೊಡೆಸಿಕೊಳ್ಳುತ್ತಾರೆ.

ಪ್ರಶ್ನೆ ಓದಲು ಅರ್ಧ ನಿಮಿಷ, ಇಬ್ಬರಿಗೂ ತಲಾ 2 ನಿಮಿಷದ ಉತ್ತರ, ತಲಾ 1 ನಿಮಿಷದ ಮರುಮಾತು. ಸೇರಿ ಆರೂವರೆ ನಿಮಿಷ. ಸರದಿ ಬದಲಾಗುವ ಸಣ್ಣಪುಟ್ಟ ವ್ಯಯ ಸೇರಿಸಿ 7 ಎಂದಿಟ್ಟುಕೊಳ್ಳಿ. ಎಂಟು ಪ್ರಶ್ನೆಗೆ 56 ನಿಮಿಷ. ಆರಂಭದಲ್ಲಿ ನಿಯಮ ಓದಲು 3, ನಡುವೆ ಬಿಡುವು 5, ಕೊನೆಯ ಮಾತಿಗೆ ತಲಾ 2. ಒಟ್ಟು 68 ನಿಮಿಷ. ಕಾರ್ಯಕ್ರಮಕ್ಕೆ 75 ನಿಮಿಷ ಕಾದಿರಿಸಿದರೆ 7 ನಿಮಿಷ ಕೈಯಲ್ಲಿ ಉಳಿಯುತ್ತದೆ, ಅದು ಬೇಕಾಗುತ್ತದೆ. ಪ್ರಶ್ನೆಗಳ ಸಂಖ್ಯೆ ಸಮವಾಗಿರಲಿ. ಬೆಸ ಪ್ರಶ್ನೆಗೆ ಒಬ್ಬರು ಮೊದಲು, ಸಮ ಪ್ರಶ್ನೆಗೆ ಇನ್ನೊಬ್ಬರು. ಒಂಬತ್ತು ಇಟ್ಟರೆ ಒಬ್ಬರಿಗೆ ಒಂದು ಸಲ ಹೆಚ್ಚು ಮೊದಲ ಮಾತು ಸಿಕ್ಕಿ, ಮರುದಿನ ಸ್ಟಾಫ್ ರೂಮಿನಲ್ಲಿ ಇನ್ನೊಂದು ಚರ್ಚೆ ನಡೆಯುತ್ತದೆ.

ನಾಣ್ಯ ಚಿಮ್ಮುವುದನ್ನು ಹಿಂದಿನ ದಿನವೇ ಮುಗಿಸಿ. ಗೆದ್ದವರು ಎರಡರಲ್ಲಿ ಒಂದನ್ನು ಆರಿಸಲಿ: ನಿಲ್ಲುವ ಜಾಗ ಅಥವಾ ಕೊನೆಯ ಮಾತಿನ ಸರದಿ. ಇನ್ನೊಂದು ಸೋತವರಿಗೆ. 2024ರ ಜೂನಿನಲ್ಲಿ ಟಾಸ್ ಗೆದ್ದ ಬೈಡನ್ ಜಾಗ ಆರಿಸಿದರು, ಕೊನೆಯ ಮಾತು ಟ್ರಂಪ್‌ಗೆ ಹೋಯಿತು. ಸೆಪ್ಟೆಂಬರಿನ ಎರಡನೇ ಚರ್ಚೆಗೆ ಟಾಸ್ ಗೆದ್ದ ಟ್ರಂಪ್ ಕೊನೆಯ ಮಾತನ್ನೇ ಆರಿಸಿದರು. ಸಭೆಯ ಮುಂದೆ ಮಾತಾಡಿ ರೂಢಿ ಇದ್ದವರಿಗೆ ನಮ್ಮ ಸಲಹೆಯೂ ಕೊನೆಯ ಮಾತೇ.

ಜನ ಐವರು ಸಾಕು. ನಿರೂಪಕ ಒಬ್ಬರು, ಸಮಯ ನೋಡುವವರು ಇಬ್ಬರು, ಮೈಕುಗಳ ಸದ್ದು ಹೊಂದಿಸುವ ಮಿಕ್ಸರಿನಲ್ಲಿ ಒಬ್ಬರು, ದೀಪಕ್ಕೆ ಒಬ್ಬರು. ಸಮಯಕ್ಕೆ ಇಬ್ಬರೇಕೆಂದರೆ ಒಂದು ಸ್ಟಾಪ್‌ವಾಚ್ ಕೈಕೊಟ್ಟರೆ ಇನ್ನೊಂದು ಇರುತ್ತದೆ. ಮೊಬೈಲನ್ನು ಸ್ಟಾಪ್‌ವಾಚ್ ಮಾಡುವುದಾದರೆ ಏರೋಪ್ಲೇನ್ ಮೋಡಿನಲ್ಲಿಡಿ, ನಡುವೆ ಕರೆ ಬಂದರೆ ಪರದೆ ಮುಚ್ಚಿಹೋಗುತ್ತದೆ. ಹಸಿರು, ಹಳದಿ, ಕೆಂಪು ಎಲ್‌ಇಡಿ ಬಲ್ಬುಗಳನ್ನು ಹಲಗೆಯೊಂದಕ್ಕೆ ಕೂರಿಸಿ, ಮೂರು ಸ್ವಿಚ್ ಹಾಕಿ, ಮಾತಾಡುವವರ ಕಣ್ಣಿನ ನೇರಕ್ಕೆ ಇಡಿ. 30 ಸೆಕೆಂಡ್ ಉಳಿದಾಗ ಹಳದಿ, ಮುಗಿದಾಗ ಕೆಂಪು. ಕೆಂಪು ಬಿದ್ದು 5 ಸೆಕೆಂಡಿಗೆ ಮೈಕ್ ಬಂದ್ ಎಂದು ಮೊದಲೇ ಸಭೆಗೆ ಹೇಳಿಬಿಡಿ. ಮಿಕ್ಸರಿನವರು ದೀಪ ಮಾತ್ರ ನೋಡಲಿ. ಮಾತು ಕೇಳುತ್ತ ಕೂತರೆ ಇಷ್ಟದ ವಾಕ್ಯ ಮುಗಿಯುವವರೆಗೆ ಕೈ ಏಳುವುದಿಲ್ಲ.

ಮೈಕ್‌ಸೆಟ್ಟಿನವರಿಗೆ ಹೇಳಬೇಕಾದ್ದು ಇಷ್ಟು. ಪ್ರತಿ ಪೋಡಿಯಂಗೆ ವೈರಿನ ಮೈಕ್ ಎರಡೆರಡು ಇರಲಿ, ಒಂದು ಬಳಕೆಗೆ, ಒಂದು ಮೀಸಲು. ಕಾರ್ಡ್‌ಲೆಸ್ ಬೇಡ, ಬ್ಯಾಟರಿ ಮುಗಿಯುವುದು ಸರಿಯಾಗಿ ಕೊನೆಯ ಮಾತಿಗೇ. ಬಾಯಿಂದ ಮೈಕಿಗೆ ಇರುವ ದೂರದ ಮೂರು ಪಟ್ಟಾದರೂ ಒಂದು ಪೋಡಿಯಂ ಮೈಕಿಗೂ ಇನ್ನೊಂದಕ್ಕೂ ಅಂತರ ಬೇಕು. 6 ಅಡಿ ಬಿಟ್ಟರೆ ಧಾರಾಳವಾಯಿತು. ಸ್ಪೀಕರುಗಳು ಮೈಕಿಗಿಂತ ಮುಂದೆ, ಸಭಿಕರ ಕಡೆ ಮುಖ ಮಾಡಿರಲಿ, ಹಿಂದಿಟ್ಟರೆ ಕೂಗು ಬರುತ್ತದೆ. ಸದ್ದಿಲ್ಲದಾಗ ತಾನಾಗಿ ಮುಚ್ಚಿಕೊಳ್ಳುವ ಗೇಟ್ ಇದ್ದರೆ ತೆಗೆಸಿಬಿಡಿ, ಅದು ಪ್ರತಿ ವಾಕ್ಯದ ಮೊದಲ ಅಕ್ಷರ ತಿನ್ನುತ್ತದೆ. ಬಂದ್ ಮಾಡಲು ಮಿಕ್ಸರಿನ ಮ್ಯೂಟ್ ಗುಂಡಿ ಬಳಸಿ. ಸದ್ದು ಏರಿಳಿಸುವ ಜಾರುಗುಂಡಿ, ಅಂದರೆ ಫೇಡರ್, ಇಳಿಸಿದರೆ ಮತ್ತೆ ಏರಿಸುವಾಗ ಮೊದಲಿನ ಮಟ್ಟ ಸಿಗುವುದಿಲ್ಲ, ಒಬ್ಬರ ದನಿ ದೊಡ್ಡದಾಗಿ, ಇನ್ನೊಬ್ಬರದು ಸಣ್ಣದಾಗಿ ಕೇಳಿ ಅದೂ ತಕರಾರಾಗುತ್ತದೆ.

ನಮ್ಮ ಕರಾವಳಿಯ ಬದಿಗೆ ಇನ್ನೆರಡು ತೊಂದರೆ. ಉಪ್ಪುಗಾಳಿಗೆ ಜಾಕುಗಳು ಕಿಲುಬು ಹಿಡಿದು ಕರಕರ ಅನ್ನುತ್ತವೆ. ಹಿಂದಿನ ದಿನ ಕಾಂಟ್ಯಾಕ್ಟ್ ಕ್ಲೀನರ್ ಹೊಡೆದು ಒಣಗಿಸಿ, ನಾಲ್ಕಾರು ಸಲ ಹಾಕಿ ತೆಗೆದು ನೋಡಿ. ಕಡಲ ದಂಡೆಯ ಬಯಲು ವೇದಿಕೆಯಾದರೆ ಮೈಕಿಗೆ ಸ್ಪಂಜಿನ ಟೊಪ್ಪಿ ಇಲ್ಲದೆ ನಡೆಯದು. ಮಳೆಗಾಲದಲ್ಲಿ ತಗಡಿನ ಮಾಡಿನ ಸಭಾಂಗಣ ಬೇಡವೇ ಬೇಡ, ಒಂದು ಜಡಿಮಳೆಗೆ ಎಂಟು ಪ್ರಶ್ನೆಯೂ ತೊಳೆದುಹೋಗುತ್ತವೆ. ಮಿಕ್ಸರನ್ನು ಯುಪಿಎಸ್ ಮೇಲೆ ಇಡಿ. ಆದರೆ ಆಂಪ್ಲಿಫೈಯರ್ ಹೊರುವಷ್ಟು ಶಕ್ತಿ ಸಣ್ಣ ಯುಪಿಎಸ್‌ಗೆ ಇರುವುದಿಲ್ಲ, ಅದಕ್ಕೆ ಜನರೇಟರೇ ಬೇಕು. ಧ್ವನಿವರ್ಧಕಕ್ಕೆ ಪೊಲೀಸ್ ಅನುಮತಿ ಪಡೆಯಿರಿ. ಬಯಲಿನಲ್ಲಿ ರಾತ್ರಿ 10ರ ನಂತರ ಬಳಸುವಂತಿಲ್ಲ.

ಮೀಸಲು ಮೈಕ್, ಮೀಸಲು ಆಂಪ್ಲಿಫೈಯರ್ ಎಂದರೆ ಅತಿಯಾಯಿತು ಎನ್ನುವವರು ಇರುತ್ತಾರೆ. 1976ರ ಸೆಪ್ಟೆಂಬರ್ 23ರಂದು ಫಿಲಡೆಲ್ಫಿಯಾದ ವಾಲ್ನಟ್ ಸ್ಟ್ರೀಟ್ ಥಿಯೇಟರಿನಲ್ಲಿ ಫೋರ್ಡ್ ಮತ್ತು ಕಾರ್ಟರ್ ಚರ್ಚೆ ಮುಗಿಯುವ ಹೊತ್ತಿಗೆ ಪ್ರಸಾರದ ಧ್ವನಿ ಹೋಯಿತು. ಕೆಟ್ಟದ್ದು ಆಂಪ್ಲಿಫೈಯರಿನೊಳಗಿನ ಅಗ್ಗದ ಒಂದು ಕೆಪಾಸಿಟರ್. 27 ನಿಮಿಷ ಇಬ್ಬರೂ ಪೋಡಿಯಂ ಬಿಡದೆ, ಒಬ್ಬರ ಮುಖ ಒಬ್ಬರು ನೋಡದೆ ನಿಂತರು. ಅಧ್ಯಕ್ಷರ ಚರ್ಚೆಗೇ ಹಾಗಾದರೆ ಕುಮಟೆಯಲ್ಲಿ ಆಗಬಾರದೆಂದೇನಿಲ್ಲ.

ಉಡುಪಿನ ಬಗ್ಗೆ: ಹಿಂದಿನ ಪರದೆಯ ಬಣ್ಣ ತಿಳಿದು ಬಟ್ಟೆ ಆರಿಸಲಿ, ಸಣ್ಣ ಗೆರೆಯ ಅಂಗಿ ವಿಡಿಯೊದಲ್ಲಿ ಅಲೆಅಲೆಯಾಗಿ ಕುಣಿಯುತ್ತದೆ. ನಮ್ಮ ಸೆಖೆಗೆ ಮುಖಕ್ಕೆ ಚೂರು ಪೌಡರ್ ಹುಡುಗರಿಗೂ ಬೇಕು. ಎತ್ತರದಲ್ಲಿ ತುಂಬ ವ್ಯತ್ಯಾಸವಿದ್ದರೆ ಕುಳ್ಳಗಿರುವವರ ಪೋಡಿಯಂ ಹಿಂದೆ ಹಲಗೆ ಇಡಿ, ಸಂಕೋಚ ಬೇಡ. 1988ರಲ್ಲಿ ಡುಕಾಕಿಸ್ ಅವರಿಗೂ ಇಟ್ಟಿದ್ದರು.

ಎರಡೇ ಪಕ್ಷದವರನ್ನು ಯಾಕೆ ಕರೆಯುತ್ತಾರೆ? ಬೇರೆಯವರು ಸ್ಪರ್ಧಿಸುವುದಿಲ್ಲವೇ?
— ದಾಂಡೇಲಿಯ ಓದುಗರು

ಸ್ಪರ್ಧಿಸುತ್ತಾರೆ, ಬಾಗಿಲು ದಾಟುವುದು ಕಷ್ಟ. 1987ರಲ್ಲಿ ಎರಡು ದೊಡ್ಡ ಪಕ್ಷಗಳ ಮುಂದಾಳುಗಳೇ ಸೇರಿ ಚರ್ಚೆಗಳ ಆಯೋಗ ಕಟ್ಟಿದರು. ಮರುವರ್ಷ, 1976ರಿಂದ ಚರ್ಚೆ ನಡೆಸುತ್ತಿದ್ದ ಮಹಿಳಾ ಮತದಾರರ ಲೀಗ್, ಅಭ್ಯರ್ಥಿಗಳ ಕಡೆಯವರು ಎಲ್ಲವನ್ನೂ ತಾವೇ ತೀರ್ಮಾನಿಸುತ್ತಾರೆಂದು ಹೊರನಡೆಯಿತು. 1992ರಲ್ಲಿ ರಾಸ್ ಪೆರೋ ಅವರಿಗೆ ಅವಕಾಶ ಸಿಕ್ಕಿತು, ಅವರು ಸುಮಾರು 19% ಮತ ಪಡೆದರು. 1996ರಲ್ಲಿ ಅದೇ ಪೆರೋ ಹೊರಗುಳಿದರು. 2000ದಿಂದ ನಿಯಮ ಸ್ಪಷ್ಟವಾಯಿತು: ಐದು ರಾಷ್ಟ್ರೀಯ ಸಮೀಕ್ಷೆಗಳ ಸರಾಸರಿಯಲ್ಲಿ 15% ಬೆಂಬಲ, ಜೊತೆಗೆ ಅಧ್ಯಕ್ಷರಾಗಲು ಬೇಕಾದ 270 ಚುನಾಯಕ ಮತ ಸಿಗಬಹುದಾದಷ್ಟು ರಾಜ್ಯಗಳ ಮತಪತ್ರದಲ್ಲಿ ಹೆಸರು. ಆ ಮೇಲೆ ಮೂರನೆಯವರು ಯಾರೂ ವೇದಿಕೆ ಏರಿಲ್ಲ. 2024ರಲ್ಲಿ ಆಯೋಗವನ್ನೇ ಬದಿಗಿಟ್ಟು ವಾಹಿನಿಗಳು ಚರ್ಚೆ ನಡೆಸಿದವು, ಆದರೆ 15% ಗೆರೆ ಹಾಗೆಯೇ ಉಳಿಯಿತು. ಜೂನಿನಲ್ಲಿ ರಾಬರ್ಟ್ ಕೆನಡಿ ಜೂನಿಯರ್ ಅದನ್ನು ದಾಟಲಿಲ್ಲ. ವೇದಿಕೆಯಲ್ಲಿ ಕಾಣದೆ ಸಮೀಕ್ಷೆಯಲ್ಲಿ ಏರುವುದು ಹೇಗೆ ಎಂಬ ಅವರ ಬೆಂಬಲಿಗರ ಪ್ರಶ್ನೆ ನ್ಯಾಯವಾದದ್ದೇ.

ನಮ್ಮಲ್ಲಿ ರಾಷ್ಟ್ರಪತಿ ಅಭ್ಯರ್ಥಿಗಳು, ಹೋಗಲಿ, ಪ್ರಧಾನಿ ಆಗುವವರು ಯಾಕೆ ಹೀಗೆ ಎದುರಾಗುವುದಿಲ್ಲ?
— ಯಲ್ಲಾಪುರದ ಅಡಿಕೆ ಬೆಳೆಗಾರರು

ರಾಷ್ಟ್ರಪತಿಯನ್ನು ಆರಿಸುವವರು ನಾವಲ್ಲ; ಸಂವಿಧಾನದ 54ನೇ ವಿಧಿಯಂತೆ ಚುನಾಯಿತ ಸಂಸದರು ಮತ್ತು ಶಾಸಕರು. 2022ರ ಚುನಾವಣೆಯಲ್ಲಿ ಕರ್ನಾಟಕದ ಒಬ್ಬ ಶಾಸಕರ ಮತದ ಮೌಲ್ಯ 131, ನಮ್ಮ ಜಿಲ್ಲೆಯ ಆರು ಕ್ಷೇತ್ರ ಸೇರಿ 786. ಟಿವಿ ಮುಂದೆ ಒಪ್ಪಿಸಬೇಕಾದ ಮತದಾರ ಅಲ್ಲಿಲ್ಲ.

ಪ್ರಧಾನಿಯ ವಿಷಯದಲ್ಲಿ ‘ನಮ್ಮದು ಸಂಸದೀಯ ಪದ್ಧತಿ, ಒಗ್ಗದು’ ಎನ್ನುವುದು ಅರ್ಧ ಉತ್ತರ. ಕೆನಡಾದಲ್ಲಿ 1968ರಲ್ಲೇ, ಆಸ್ಟ್ರೇಲಿಯಾದಲ್ಲಿ 1984ರಲ್ಲಿ, ಬ್ರಿಟನ್ನಿನಲ್ಲಿ 2010ರಲ್ಲಿ ಪಕ್ಷನಾಯಕರು ಟಿವಿ ಚರ್ಚೆಗೆ ನಿಂತರು. 2024ರ ಮೇ ತಿಂಗಳಲ್ಲಿ ನ್ಯಾಯಮೂರ್ತಿಗಳಾಗಿದ್ದ ಮದನ್ ಲೋಕೂರ್, ಎ.ಪಿ. ಶಾ ಮತ್ತು ಪತ್ರಕರ್ತ ಎನ್. ರಾಮ್ ಅವರು ನರೇಂದ್ರ ಮೋದಿ ಮತ್ತು ರಾಹುಲ್ ಗಾಂಧಿಗೆ ಪತ್ರ ಬರೆದು ಆಹ್ವಾನಿಸಿದರು. ರಾಹುಲ್ ಒಪ್ಪಿದರು, ಚರ್ಚೆ ನಡೆಯಲಿಲ್ಲ. ಗೆಲ್ಲುವ ನಂಬಿಕೆ ಇರುವವರಿಗೆ ಎದುರಾಳಿಯನ್ನು ಸಮಾನ ಎತ್ತರಕ್ಕೆ ತಂದು ನಿಲ್ಲಿಸುವುದರಲ್ಲಿ ಲಾಭವಿಲ್ಲ. ಅಮೆರಿಕದಲ್ಲೂ 1964ರಿಂದ 1972ರವರೆಗಿನ ಮೂರು ಚುನಾವಣೆಗಳಲ್ಲಿ ಚರ್ಚೆ ನಡೆಯಲೇ ಇಲ್ಲ.

ನಡೆಸಬೇಕೆಂದರೆ ತೊಡಕುಗಳು ಇವು: ಯಾವ ಪಕ್ಷಗಳನ್ನು ಕರೆಯುವುದು, ಯಾವ ಭಾಷೆಯಲ್ಲಿ, ಯಾವ ದಿನ. ದಿನದ್ದು ಕಾನೂನಿನ ತೊಡಕು. ಮತದಾನ ಮುಗಿಯುವ ಹೊತ್ತಿಗೆ ಮುಂಚಿನ 48 ಗಂಟೆ ಆ ಕ್ಷೇತ್ರದಲ್ಲಿ ಟಿವಿಯಲ್ಲಿ ಚುನಾವಣಾ ಪ್ರಚಾರ ಸಲ್ಲದೆಂದು ಪ್ರಜಾಪ್ರತಿನಿಧಿ ಕಾಯ್ದೆಯ 126ನೇ ಕಲಂ ಹೇಳುತ್ತದೆ. 2024ರಲ್ಲಿ ಏಪ್ರಿಲ್ 19ರಿಂದ ಜೂನ್ 1ರವರೆಗೆ ಏಳು ಹಂತ. ಉತ್ತರ ಕನ್ನಡದ್ದು ಮೇ 7. ಆದ್ದರಿಂದ ಇಡೀ ದೇಶಕ್ಕೆ ಒಂದೇ ಚರ್ಚೆ ಎಂದರೆ ಮೊದಲ ಹಂತದ ಮೌನ ಶುರುವಾಗುವ ಮುಂಚೆಯೇ ಮುಗಿಸಬೇಕು.

ಫ್ರಾನ್ಸಿನಲ್ಲಿ ಪರದೆಯ ಮೇಲೆ ಎರಡು ಗಡಿಯಾರ ಓಡುವುದು ಕಂಡೆ. ಅದೇನು?
— ಹೊನ್ನಾವರದ ಓದುಗರು

ಅಲ್ಲಿ ಒಂದೊಂದು ಉತ್ತರಕ್ಕೆ 2 ನಿಮಿಷದ ಕಟ್ಟಿಲ್ಲ. ಒಟ್ಟು ಮಾತಿನ ಸಮಯ ಇಬ್ಬರದೂ ಸಮವಾಗಬೇಕು, ಗಡಿಯಾರ ತೋರಿಸುವುದು ಅದನ್ನೇ. ಒಬ್ಬರು ಹಿಂದೆ ಬಿದ್ದರೆ ನಿರೂಪಕರು ಅವರಿಗೆ ಹೆಚ್ಚು ಅವಕಾಶ ಕೊಟ್ಟು ಸರಿದೂಗಿಸುತ್ತಾರೆ. ಇದರಿಂದ ಅಭ್ಯರ್ಥಿಗಳು ನೇರವಾಗಿ ಪರಸ್ಪರ ಕೆಣಕಬಹುದು, ಚರ್ಚೆ ಉದ್ದವೂ ಆಗುತ್ತದೆ. 2022ರ ಏಪ್ರಿಲ್ 20ರಂದು ಮಾಕ್ರೋನ್ ಮತ್ತು ಲೆ ಪೆನ್ ಸುಮಾರು ಮೂರು ಗಂಟೆ ಕೂತರು. ಪದ್ಧತಿ ಶುರುವಾದದ್ದು 1974ರಲ್ಲಿ, ಜಿಸ್ಕಾರ್ ದೆಸ್ತಾಂ ಮತ್ತು ಮಿತ್ತೆರಾಂ ನಡುವೆ. 2002ರಲ್ಲಿ ಮಾತ್ರ ಶಿರಾಕ್ ಅವರು ಜಾನ್-ಮರೀ ಲೆ ಪೆನ್ ಜೊತೆ ಕೂರಲು ಒಪ್ಪಲಿಲ್ಲ. ನೋಡುವವರಿಗೆ ಈ ಪದ್ಧತಿಯೇ ಮೇಲು ಎಂಬುದು ನಮ್ಮ ಅಭಿಪ್ರಾಯ. ಅಮೆರಿಕದ 2 ನಿಮಿಷದಲ್ಲಿ ಬಾಯಿಪಾಠ ಒಪ್ಪಿಸಿ ಪಾರಾಗಬಹುದು, ಇಲ್ಲಿ ಆಗದು.

ಹೈಸ್ಕೂಲ್ ಮಕ್ಕಳಿಗೆ ಹಳೆಯ ಚರ್ಚೆಯೊಂದನ್ನು ತೋರಿಸಿ ಅಭ್ಯಾಸ ಮಾಡಿಸುವುದು ಹೇಗೆ?
— ಸಿದ್ದಾಪುರದ ಶಿಕ್ಷಕಿ

ಇಡೀ ಚರ್ಚೆ ಬೇಡ, 12–15 ನಿಮಿಷದ ತುಣುಕು ಸಾಕು. ತರಗತಿಯನ್ನು ಮೂರು ಗುಂಪು ಮಾಡಿ: ಒಂದಕ್ಕೆ ವಿಡಿಯೊ, ಒಂದಕ್ಕೆ ದನಿ ಮಾತ್ರ, ಒಂದಕ್ಕೆ ಅನುವಾದಿಸಿದ ಮುದ್ರಿತ ಮಾತು. ಗುಂಪುಗಳು ಬೇರೆ ಬೇರೆ ಕೋಣೆಯಲ್ಲಿರಲಿ, ನಡುವೆ ಮಾತಾಡಿಕೊಂಡರೆ ಪ್ರಯೋಗ ಕೆಟ್ಟಿತು. ಯಾರು ಗೆದ್ದರು ಎಂದು ಮೊದಲೇ ಕೇಳಬೇಡಿ. ಹಾಳೆಯಲ್ಲಿ ನಾಲ್ಕು ಕಲಂ ಹಾಕಿಸಿ: ಕೇಳಿದ ಪ್ರಶ್ನೆ, ಅದಕ್ಕೆ ಉತ್ತರ ಬಂತೇ ಇಲ್ಲವೇ, ಹೇಳಿದ ಅಂಕಿಸಂಖ್ಯೆ, ಎದುರಾಳಿಯ ಮೇಲಿನ ಆರೋಪ. ಎರಡನೇ ಕಲಮಿನಲ್ಲಿ ‘ಇಲ್ಲ’ ಎಷ್ಟು ಬಿತ್ತು ಎಂದು ಎಣಿಸುವಾಗಲೇ ಮಕ್ಕಳಿಗೆ ಅರ್ಧ ಪಾಠವಾಗಿರುತ್ತದೆ. ಮೂರನೇ ಕಲಂ ಮರುದಿನದ ಮನೆಗೆಲಸ, ಒಬ್ಬೊಬ್ಬರಿಗೆ ಒಂದು ಅಂಕಿ ಹಂಚಿ ಪರಿಶೀಲಿಸಲು ಹೇಳಿ.

ಇಷ್ಟೆಲ್ಲ ಮಾಡಿದ ಮೇಲೆ ಮತ ಬದಲಾಗುತ್ತದೆಯೇ?
— ಭಟ್ಕಳದ ಓದುಗರು

ಹೆಚ್ಚಿನ ಸಲ ಅಷ್ಟಾಗಿ ಇಲ್ಲ. 2004ರಲ್ಲಿ ಕೆರಿ, 2016ರಲ್ಲಿ ಹಿಲರಿ ಕ್ಲಿಂಟನ್ ಚರ್ಚೆಗಳಲ್ಲಿ ಮೇಲಾದರೆಂದು ಸಮೀಕ್ಷೆಗಳು ಹೇಳಿದವು, ಚುನಾವಣೆ ಸೋತರು. 2012ರ ಮೊದಲ ಚರ್ಚೆಯಲ್ಲಿ ಮಂಕಾಗಿದ್ದ ಒಬಾಮ ಗೆದ್ದರು. ಹೆಚ್ಚಿನವರು ಮೊದಲೇ ನಿರ್ಧರಿಸಿಯೇ ಟಿವಿ ಹಾಕುತ್ತಾರೆ. 2024ರ ಜೂನ್ ಇದಕ್ಕೆ ಅಪವಾದ, ಅಲ್ಲಿ ಬದಲಾದದ್ದು ಮತದಾರರಿಗಿಂತ ಅಭ್ಯರ್ಥಿಯೇ. ಚರ್ಚೆ ಮುಗಿದು ಒಂದು ತಿಂಗಳೂ ಆಗುವ ಮುಂಚೆ, ಜುಲೈ 21ರಂದು, ಬೈಡನ್ ಕಣದಿಂದ ಹಿಂದೆ ಸರಿದರು.

ಅಭ್ಯರ್ಥಿಗಳು ಚೀಟಿ ಒಯ್ಯಬಹುದೇ?
— ಹಳಿಯಾಳದ ವಿದ್ಯಾರ್ಥಿ

2024ರ ಎರಡೂ ಚರ್ಚೆಗಳಲ್ಲಿ ಬರೆದುಕೊಂಡು ಬಂದ ಟಿಪ್ಪಣಿಗೆ ಅವಕಾಶ ಇರಲಿಲ್ಲ. ಪೆನ್ನು, ಖಾಲಿ ಹಾಳೆ, ಒಂದು ಬಾಟಲಿ ನೀರು ಅಲ್ಲೇ ಕೊಡುತ್ತಿದ್ದರು. ಬಿಡುವಿನಲ್ಲಿ ತಮ್ಮ ಸಲಹೆಗಾರರ ಜೊತೆ ಮಾತಾಡುವಂತೆಯೂ ಇರಲಿಲ್ಲ.